ಮೀಸೆಯವನು ಜೈಲು ಸೇರಿದ್ದು

ಸತ್ತವರ ಜೇಬಿಗೆ ನಾನು ಕೈ ಹಾಕುವುದಿಲ್ಲ ಎಂದು ಮೊದಲ ದಿನವೇ ಸೊಸೆಗೆ ಕಡ್ಡಿ ಮುರಿದ ಹಾಗೆ ಹೇಳಿಬಿಟ್ಟಿದ್ದೆ. ಟಿವಿಯೊಳಗಿನ ಕಾಡಿನಲ್ಲಿ ಬಿದ್ದ ಡಕಾಯಿತನಾದರೇನು, ಸತ್ತವನು ಸತ್ತವನೇ. ಅವಳಿಗೆ ಆ ಹೇಸಿಗೆಯೆಲ್ಲ ಇರಲಿಲ್ಲ. ಒಬ್ಬೊಬ್ಬನನ್ನೇ ಕೆಡವಿ, ಹೆಣದ ಪಕ್ಕ ಕುಕ್ಕರಗಾಲಲ್ಲಿ ಕೂತು, ಜೇಬು ತಡಕಿ, "ಅತ್ತೆ, ಕಡ್ಡಿ ಸಿಕ್ತು!" ಎಂದು ಮನೆ ಹಾರಿಹೋಗುವಂತೆ ಕೂಗುತ್ತಿದ್ದಳು. ಕಡ್ಡಿ ಎಂದರೆ ಬೀಗ ಬಿಚ್ಚುವ ಕಡ್ಡಿ. ಕೀಲಿ ಇಲ್ಲದ ಪೆಟ್ಟಿಗೆಗೂ ಬಾಗಿಲಿಗೂ ಆ ಆಟದಲ್ಲಿ ಅದೇ ಗತಿ.

ಈ ವಿಡಿಯೋ ಗೇಮಿನ ಪೆಟ್ಟಿಗೆಯನ್ನು ಮನೆಗೆ ತಂದವನು ನನ್ನ ಮಗ. ಹಡಗಿನಲ್ಲಿ ಅಡುಗೆಯವನು. ರಜೆಗೆ ಬಂದಾಗ ತಂದು, ಟಿವಿಗೆ ಸಿಕ್ಕಿಸಿ, ಮನಸಾರೆ ಆಡಿ, ಮತ್ತೆ ಸಮುದ್ರಕ್ಕೆ ಹೊರಟುಹೋದ. ಉಳಿದವರು ನಾವಿಬ್ಬರು. ಸೊಸೆ ಆಸ್ಪತ್ರೆಯಲ್ಲಿ ನರ್ಸ್, ಸದ್ಯಕ್ಕೆ ರಾತ್ರಿ ಪಾಳಿ. ನಾನು ಮನೆಯ ಮುಂದಿನ ಕೋಣೆಯಲ್ಲಿ ಹೊಲಿಗೆ ಮಿಷಿನ್ ಇಟ್ಟುಕೊಂಡವಳು: ಪ್ಯಾಂಟಿನ ಉದ್ದ ಇಳಿಸುವುದು, ಜಿಪ್ ಬದಲಿಸುವುದು, ಸೊಂಟ ಬಿಡಿಸುವುದು. ಬೀದಿಯವರ ಸೊಂಟದ ಗುಟ್ಟೆಲ್ಲ ನನಗೆ ಗೊತ್ತು, ಒಂದು ದಿನಕ್ಕೂ ಬಾಯಿ ಬಿಟ್ಟವಳಲ್ಲ. ಮನೆಯವರ ವಿಷಯಕ್ಕೆ ಬಂದರೆ ಮಾತ್ರ ಈ ಬಾಯಿ ನನ್ನ ಮಾತು ಕೇಳುವುದಿಲ್ಲ.

ಸೊಸೆ ಬೆಳಿಗ್ಗೆ ಡ್ಯೂಟಿ ಮುಗಿಸಿ ಬಂದು, ಸ್ನಾನ ಮಾಡಿ, ನಿದ್ದೆ ಹತ್ತುವವರೆಗೆ ಆಡುತ್ತಿದ್ದಳು. ವಾರ್ಡಿನ ತಲೆಬಿಸಿ ಎಲ್ಲಾದರೂ ಇಳಿಯಬೇಕಲ್ಲ. ಆಟದ ನಾಯಕನಿಗೆ ಅವಳೇ ಹುರಿಮೀಸೆ ಅಂಟಿಸಿದ್ದಳು, ಹಾಗಾಗಿ ಅವನನ್ನು ನಾವು ಕರೆಯುತ್ತಿದ್ದದ್ದೇ ಮೀಸೆ ಎಂದು. ಕತ್ತಿ ಹಿಡಿದರೆ ಸೊಸೆಯ ಎದುರು ದೈತ್ಯನೂ ನಿಲ್ಲುವಂತಿಲ್ಲ, ಆದರೆ ಬೀಗದ ಮುಂದೆ ಕೂತರೆ ಅವಳದು ಸೌದೆ ಒಡೆಯುವ ಕೈ. ಬೀಗದೊಳಗೆ ಕಡ್ಡಿ ತೂರಿಸಿ ಒಂದು ಹೆಬ್ಬೆರಳಿನಿಂದ ಮೆಲ್ಲಗೆ ಹೊರಳಿಸಬೇಕು, ಇನ್ನೊಂದರಿಂದ ಬೀಗ ತಿರುಗಿಸಬೇಕು. ಜಾಗ ತಪ್ಪಿದರೆ ಕೈಯಲ್ಲಿರುವ ಆಟದ ರಿಮೋಟು ನಡುಗುತ್ತದೆ. ನಡುಗಿದ ಮೇಲೂ ಒತ್ತಿದಿರೋ, ಚಟ್! ಕಡ್ಡಿ ತುಂಡು. ಆ ಚಟ್ ಚಟ್ ಕೇಳಿ ಕೇಳಿ ನನ್ನ ತಲೆ ಕೆಟ್ಟುಹೋಗಿ ಒಂದು ದಿನ ಮಿಷಿನ್ ಬಿಟ್ಟು ಎದ್ದು ಹೋದೆ.

"ಕೊಡೇ ಇಲ್ಲಿ. ಕಡ್ಡಿ ಏನು ಮರದಲ್ಲಿ ಬಿಡುತ್ತಾ?"

"ನಿಮಗೆ ಬರಲ್ಲ ಅತ್ತೆ, ಇದು ತುಂಬ ಕಷ್ಟದ ಬೀಗ."

"ಕುಣಿಯಲಾರದವಳಿಗೆ ನೆಲ ಡೊಂಕು. ಸರಿ ಆಚೆ."

ಸೂಜಿ ಎಲ್ಲಿ ಇಳಿಯುತ್ತದೆ, ಎಲ್ಲಿ ತಡೆಯುತ್ತದೆ ಎಂದು ಬಟ್ಟೆಯ ಅಡಿಯಿಂದಲೇ ನನ್ನ ಬೆರಳಿಗೆ ಗೊತ್ತಾಗುತ್ತದೆ. ಇದೂ ಹಾಗೇ ಇತ್ತು. ರಿಮೋಟು ಒಂಚೂರು ಅದುರಿತು, ನಾನು ಒಂಚೂರು ಹಿಂದೆ ಸರಿದೆ, ಕ್ಲಿಕ್. ಸೊಸೆ ಬಾಯಿ ಬಿಟ್ಟುಕೊಂಡು ನೋಡಿದಳು. ಆ ಮುಖ ನೋಡಿ ನನಗಾದ ಖುಷಿಯನ್ನು ಏನೆಂದು ಹೇಳಲಿ!

ಅಂದಿನಿಂದ ಕೆಲಸ ಹಂಚಿಕೆಯಾಯಿತು. ಹೊಡೆದಾಟ, ಹೆಣ, ಜೇಬು, ಕಡ್ಡಿ ಹುಡುಕುವುದು ಎಲ್ಲ ಅವಳದ್ದು. ಅವಳು ಮೀಸೆಯನ್ನು ಯಾವುದಾದರೂ ಬೀಗ ಹಾಕಿದ ಬಾಗಿಲ ಮುಂದೆ ನಿಲ್ಲಿಸಿ ಮಲಗಲು ಹೋಗುವಳು. ನಾನು ಮಧ್ಯಾಹ್ನ ಊಟ ಮುಗಿಸಿ, ಅಂಗಡಿಯ ಪರದೆ ಎಳೆದು, ಬೀಗ ತೆಗೆಯುವೆನು. ಒಳಗೆ ಹೋಗುತ್ತಿರಲಿಲ್ಲ, ಒಳಗೆ ಏನಿದೆಯೋ ಯಾರಿಗೆ ಬೇಕು. ತೆಗೆದು, ಸೇವ್ ಮಾಡಿ, ಎದ್ದುಬಿಡುವೆನು. ಸೇವ್ ಎನ್ನುವುದು ಮಗ ಹೇಳಿಕೊಟ್ಟ ಮಾತು, ನನ್ನ ಲೆಕ್ಕದಲ್ಲಿ ಅದು ಗಂಟು. ಗಂಟು ಹಾಕದೆ ಸೂಜಿ ಕೆಳಗಿಡುವ ಅಭ್ಯಾಸ ನನಗಿಲ್ಲ. ನಮ್ಮ ಆಟದಲ್ಲಿ ಇದ್ದದ್ದು ಒಂದೇ ಗಂಟು, ಹೊಸದು ಹಾಕಿದರೆ ಹಳೆಯದು ಇಲ್ಲವಾಗುತ್ತದೆ. ಅದೂ ಮಗ ಹೇಳಿದ್ದ, ನಾನು ತಲೆಗೆ ಹಾಕಿಕೊಂಡಿರಲಿಲ್ಲ.

ಹೀಗೆ ಚೆನ್ನಾಗಿ ನಡೆಯುತ್ತಿರುವಾಗಲೇ ನನ್ನ ಬಾಯಿ ಜಾರಿತು. ಸೊಸೆಯ ಆಸ್ಪತ್ರೆಯ ಹಿಂದೆ ಸಿಬ್ಬಂದಿಯ ಕ್ವಾರ್ಟರ್ಸ್ ಇದೆ. ಅಲ್ಲೊಂದು ಮನೆ ಖಾಲಿಯಾಗಿ, ಬೇಕೋ ಬೇಡವೋ ಶುಕ್ರವಾರದೊಳಗೆ ತಿಳಿಸಿ ಎಂದು ಕಚೇರಿಯವರು ಅವಳನ್ನು ಕೇಳಿದ್ದರು. ಅವಳು ಅದನ್ನು ಹೇಳಲು ಬಂದದ್ದು ಒಬ್ಬ ಗಿರಾಕಿ ಪ್ಯಾಂಟು ಹಿಡಿದು ನಿಂತಿದ್ದಾಗ. "ಅತ್ತೆ, ಕ್ವಾರ್ಟರ್ಸ್ ಕೊಡ್ತಾರಂತೆ, ಅದಕ್ಕೆ ನಾನು..." ಅಷ್ಟೇ ಅಂದದ್ದು. ಮುಂದಿನದನ್ನು ನಾನು ಕೇಳಲೇ ಇಲ್ಲ.

"ಹೋಗೋದಾದ್ರೆ ಹೋಗು. ಇದೇನು ಲಾಡ್ಜಾ, ಬಂದು ಮಲಗಿ ಎದ್ದು ಹೋಗೋಕೆ? ನೀನಿಲ್ಲ ಅಂತ ನನ್ನ ಮಿಷಿನ್ ಏನೂ ನಿಲ್ಲಲ್ಲ."

ಗಿರಾಕಿ ತನ್ನ ಚಪ್ಪಲಿ ನೋಡಿಕೊಂಡ. ಸೊಸೆ ನನ್ನ ಮುಖ ನೋಡಿ, "ಸರಿ ಅತ್ತೆ" ಎಂದು ಒಳಗೆ ಹೋದಳು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಆ ಹುಡುಗಿ ಎಂದರೆ ನನಗೆ ಪ್ರಾಣ. ಹೆತ್ತ ಮಗನಿಗಿಂತ ಒಂದು ಹಿಡಿ ಹೆಚ್ಚೇ ಎನ್ನಿ. ಅವಳು ಹೋಗಿಬಿಟ್ಟರೆ ಈ ಮನೆಯಲ್ಲಿ ನಾನು ಯಾರ ಮೇಲೆ ರೇಗಲಿ, ಯಾರ ಜೊತೆ ನಗಲಿ? ಹಾಗಾದರೆ ಹೋಗಿ 'ಹೋಗಬೇಡ' ಅನ್ನಬಾರದಿತ್ತೇ ಎಂದು ನೀವು ಕೇಳಬಹುದು. ಅತ್ತೆಯ ಗಂಟಲಲ್ಲಿ ಆ ಮಾತು ಅಷ್ಟು ಸುಲಭವಾಗಿ ಹೊರಡುವುದಿಲ್ಲ ಕಣ್ರೀ.

ಅಲ್ಲಿಂದ ಮಾತು ಬಂದ್. ನಾನು ಫ್ರಿಜ್ಜಿಗೆ "ಹಾಲು ಒಳಗಿದೆ" ಎಂದು ಹೇಳುವೆನು, ಅವಳು ಟವೆಲ್ಲಿಗೆ "ಸೋಪು ಮುಗಿದಿದೆ" ಎಂದು ಹೇಳುವಳು. ಮಧ್ಯಾಹ್ನ ಟಿವಿ ಹಾಕಿದರೆ ಮೀಸೆ ಎಂದಿನಂತೆ ಒಂದು ಕಬ್ಬಿಣದ ಬಾಗಿಲ ಮುಂದೆ ನಿಂತಿದ್ದಾನೆ, ಚೀಲದಲ್ಲಿ ಕಡ್ಡಿಗಳಿವೆ. ನಾನು ಮುಟ್ಟಲಿಲ್ಲ. ಮರುದಿನವೂ ಅದೇ ಬಾಗಿಲು. ಅವಳೂ ಅವನನ್ನು ಕದಲಿಸಿರಲಿಲ್ಲ. ನೋಡಿ ಮೈಯೆಲ್ಲ ಉರಿಯಿತು. ನಾನೇ ಸೋತು ತೆಗೆಯಲಿ ಅಂತ ತಾನೇ? ಇವಳು ಗಳಿಸಿದ ಕಡ್ಡಿ ಯಾರಿಗೆ ಬೇಕು, ನನ್ನ ಕಡ್ಡಿಯನ್ನು ನಾನೇ ಸಂಪಾದಿಸಿಕೊಳ್ಳುತ್ತೇನೆ ಎಂದು ಗುರುವಾರ ಮಧ್ಯಾಹ್ನ ಮೀಸೆಯನ್ನು ಹೊರಡಿಸಿಯೇಬಿಟ್ಟೆ.

ನಡೆಸುವುದು ಅಷ್ಟಾಗಿ ಬಾರದ ಕಾರಣ ಮೀಸೆ ಗೋಡೆಗೆ ಮುಖ ಉಜ್ಜಿಕೊಂಡು ಉಜ್ಜಿಕೊಂಡು ಪೇಟೆ ತಲುಪಿದ. ದಾರಿಯಲ್ಲಿ ಎರಡು ಹೆಣ ಸಿಕ್ಕವು. ಕೈ ಮುಗಿದು ಪಕ್ಕಕ್ಕೆ ಸರಿದೆ. ಪೇಟೆಯ ಮೂಲೆಯಲ್ಲೊಂದು ಕಾವಲು ಕೋಣೆ, ಬಾಗಿಲು ತೆರೆದೇ ಇದೆ, ಮೇಜಿನ ಮೇಲೆ ಕಡ್ಡಿಗಳ ಕಟ್ಟು! ಯಾರೋ ಬೇಡವೆಂದು ಬಿಟ್ಟುಹೋಗಿದ್ದಾರೆ ಅಂದುಕೊಂಡೆ. ನನ್ನ ಮೇಜಿನ ಮೇಲಿನ ಕತ್ತರಿಯನ್ನು ಯಾರಾದರೂ ಹಾಗಂದುಕೊಂಡಿದ್ದರೆ ಕೈ ಮುರಿದುಹಾಕುತ್ತಿದ್ದೆ, ಅದು ಬೇರೆ ಮಾತು. ಎತ್ತಿಕೊಂಡಿದ್ದೇ ತಡ, ಹಿಂದಿನಿಂದ ಕಾವಲುಗಾರ ಗುಡುಗಿದ. ಸಮಾಧಾನದಲ್ಲಿ ಮಾತಾಡೋಣ ಎಂದು ಒಂದು ಗುಂಡಿ ಒತ್ತಿದೆ. ಅದು ಮಾತಾಡುವ ಗುಂಡಿಯಲ್ಲ, ಕತ್ತಿ ಬೀಸುವ ಗುಂಡಿ.

ಕಣ್ಣು ಮುಚ್ಚಿ ಬಿಡುವುದರೊಳಗೆ ಮೀಸೆ ಜೈಲಿನಲ್ಲಿದ್ದ. ಸೊಸೆ ತಿಂಗಳುಗಟ್ಟಲೆ ಕೂಡಿಸಿದ ಕತ್ತಿ, ಗುರಾಣಿ, ಉಕ್ಕಿನ ಅಂಗಿ ಎಲ್ಲ ಕಿತ್ತುಕೊಂಡಿದ್ದರು. ಚೀಲದಲ್ಲಿ ಉಳಿದದ್ದು ಒಂದೇ ಒಂದು ಕಡ್ಡಿ. ಅಷ್ಟರಲ್ಲಿ ಹೊರಗೆ ಗಿರಾಕಿ ಕೂಗಿದರು. ನಾನು ಗಾಬರಿಯಲ್ಲಿ, ಕೈಯ ಅಭ್ಯಾಸದಂತೆ, ಗಂಟು ಹಾಕಿ ಎದ್ದೆ. ಅವರು ತಂದ ಪ್ಯಾಂಟಿನ ಹಳೆಯ ಜಿಪ್ ಬಿಚ್ಚುತ್ತಿರುವಾಗ ಮಗನ ಮಾತು ನೆನಪಾಯಿತು. ಅಯ್ಯೋ ಕೆಟ್ಟೆ! ಹಳೆಯ ಗಂಟು ಹೋಯಿತು. ಇನ್ನು ಅವಳು ಯಾವಾಗ ಆಟ ಹಾಕಿದರೂ ಮೀಸೆ ಜೈಲಿನಲ್ಲೇ.

ಶುಕ್ರವಾರ ಬೆಳಿಗ್ಗೆ ಸೊಸೆ ಬಂದಳು, ಸ್ನಾನ ಮಾಡಿದಳು, ಟಿವಿ ಹಾಕಿದಳು. ನಾನು ಸೂಜಿಗೆ ದಾರವೇ ಇಲ್ಲದೆ ಮಿಷಿನ್ ತುಳಿಯುತ್ತ ಕಿವಿ ಒಳಗಿಟ್ಟಿದ್ದೆ. ಆಟ ಶುರುವಾದ ಸದ್ದು ಕೇಳಿಸಿತು. ಆಮೇಲೆ ಬಂತು ಕೂಗು.

"ಅತ್ತೇ! ಮೀಸೆ ಯಾಕೆ ಜೈಲಲ್ಲಿದ್ದಾನೆ?"

ಮಾತು ಬಿಟ್ಟವಳು ತಾನೇ ಮೊದಲು ಮಾತಾಡಿದಳು ಎಂದು ನನಗೆ ಒಂದು ಕ್ಷಣ ಗೆದ್ದ ಹಾಗಾಯಿತು. "ಏನೋ ಒಂಚೂರು ಹೆಚ್ಚುಕಮ್ಮಿ ಆಯ್ತು. ಬಿದ್ರೂ ಮೀಸೆ ಮಣ್ಣಾಗಿಲ್ವಲ್ಲ" ಎಂದೆ.

"ಉಳಿದಿರೋದೇ ಮೀಸೆ ಅತ್ತೆ! ಚಡ್ಡಿ ಬಿಟ್ರೆ ಮೈಮೇಲೆ ಇನ್ನೇನೂ ಇಲ್ಲ! ಏನ್ ಮಾಡಿದ್ರಿ?"

"ಕಡ್ಡಿ ತಗೊಂಡೆ."

"ಎಲ್ಲಿಂದ?"

"ಕಾವಲುಗಾರನ ಮೇಜಿಂದ."

"ಕಾವಲುಗಾರನ ಎದುರಿಗೇ?"

"ಅವನು ಹಿಂದುಗಡೆ ಇದ್ದ. ಅಲ್ಲಮ್ಮಾ, ಕದಿಯೋಳು ನಾನಾಗಿದ್ರೆ ಹಾಗೆ ಎದುರಿಗೆ ತಗೋತಿದ್ನಾ?"

ಅವಳು ನಗಲು ಶುರುಮಾಡಿದಳು. ನಕ್ಕು ನಕ್ಕು ಕುರ್ಚಿಯಿಂದ ಜಾರಿ ನೆಲಕ್ಕೆ ಬಂದಳು. ನನಗೂ ತಡೆಯಲಾಗಲಿಲ್ಲ. ಇಬ್ಬರೂ ಕಣ್ಣು ಒರೆಸಿಕೊಳ್ಳುವ ಹೊತ್ತಿಗೆ ಅವಳು ರಿಮೋಟು ನನ್ನ ಮಡಿಲಿಗೆ ಹಾಕಿದಳು. "ಇರೋದು ಒಂದೇ ಕಡ್ಡಿ. ನನ್ನ ಕೈಗೆ ಕೊಟ್ರೆ ಚಟ್. ನೀವೇ ತೆಗೀರಿ."

ಕೂತೆ. ನಡುಗುತ್ತಿರುವುದು ರಿಮೋಟೋ ನನ್ನ ಕೈಯೋ ಗೊತ್ತಾಗುತ್ತಿರಲಿಲ್ಲ. ಇವತ್ತು ಶುಕ್ರವಾರ ಎನ್ನುವುದೊಂದೇ ತಲೆಯಲ್ಲಿ ತಿರುಗುತ್ತಿತ್ತು. ಅವಳು ನನ್ನ ಮೊಣಕೈ ಅಡಿಗೆ ತನ್ನ ಅಂಗೈ ಕೊಟ್ಟಳು. ಕೈ ನಿಂತಿತು. ಹೊರಳಿಸಿದೆ, ಹಿಂದೆ ಸರಿದೆ, ಮತ್ತೆ ಹೊರಳಿಸಿದೆ. ಕ್ಲಿಕ್. ಕಂಬಿಯ ಬಾಗಿಲು ತೆರೆದುಕೊಂಡಿತು.

ಆಗಲೇ ಅವಳ ಫೋನು ಬಡಿದುಕೊಂಡದ್ದು. ಆಸ್ಪತ್ರೆಯ ಕಚೇರಿ. ಅವಳು ಅದನ್ನು ನೋಡಿದಳು, ನನ್ನನ್ನು ನೋಡಿದಳು, ಫೋನನ್ನು ನನ್ನ ಕೈಗೆ ಹಿಡಿಸಿದಳು.

"ನೀವೇ ಹೇಳಿ ಅತ್ತೆ. ನೀವು ಏನ್ ಹೇಳಿದ್ರೆ ಅದೇ."

"ಕ್ವಾರ್ಟರ್ಸ್ ಬೇಕಾ, ಬೇಡ್ವಾ?" ಅತ್ತ ಕಡೆಯ ಗುಮಾಸ್ತ ಅವಸರದಲ್ಲಿದ್ದ. 'ಬೇಡ' ಎನ್ನುವುದು ನನ್ನ ನಾಲಿಗೆಯ ತುದಿಗೆ ಬಂದು ಕೂತಿತ್ತು. ಉಗುಳಿದರೆ ಮುಗಿಯಿತು. ಆದರೆ ಕಣ್ಣು ಅವಳ ಕಾಲಿನ ಮೇಲೆ ಬಿತ್ತು. ರಾತ್ರಿಯಿಡೀ ವಾರ್ಡಿನಲ್ಲಿ ನಡೆದು ಪಾದ ಊದಿ, ಶೂ ಅಂಚಿನ ಗುರುತು ಇನ್ನೂ ಕೆಂಪಗಿತ್ತು. ಅದರ ಮೇಲೆ ಬಸ್ಸು ಬದಲಿಸಿ ಬದಲಿಸಿ ಇಲ್ಲಿಗೆ ಬರಬೇಕು. ನನ್ನ ಆಸೆಗೆ ಈ ಹುಡುಗಿಯ ಕಾಲು ಸವೆಯಬೇಕೇ?

"ಬೇಕು" ಎಂದು ಫೋನ್ ಇಟ್ಟೆ.

ಸೊಸೆಯ ಮುಖದಲ್ಲಿದ್ದ ನಗು ಆರಿಹೋಯಿತು. "ಅಂದ್ರೆ ನಾನು ಹೋಗೋದೇ ನಿಮಗೆ ಬೇಕಿತ್ತು."

"ಅಯ್ಯೋ ಪೆದ್ದೇ! ನಿನ್ನ ಕಾಲು ನೋಡಿ ಹೇಳಿದ್ದು ಕಣೇ! ಹೊಟ್ಟೆಗೆ ಬೆಂಕಿ ಬಿದ್ದ ಹಾಗಾಗ್ತಿದೆ ನನಗೆ, ಗೊತ್ತಾ?"

"ನನ್ನ ಕಾಲು ನಿಮ್ಮನ್ನ ಏನಾದ್ರೂ ಕೇಳ್ತಾ? ಅವತ್ತು ನಾನು ಹೇಳೋಕೆ ಬಂದಿದ್ದು, ಅದಕ್ಕೆ ನಾನು ಬೇಡ ಅಂದುಬಿಡ್ತೀನಿ ಅಂತ. ನೀವು ಬಾಯಿ ಮುಚ್ಚಿಸಿದ್ರಿ. ಹೋಗು ಅಂದ ಮೇಲೆ ಯಾವ ಮುಖ ಇಟ್ಕೊಂಡು ಇರ್ಲಿ?" ಅವಳಿಗೆ ಅಳು ಬಂದುಬಿಟ್ಟಿತ್ತು. "ಅಲ್ಲಿ ಡ್ಯೂಟಿ ಮುಗಿಸಿ ಹೋದ್ರೆ ಬೀಗ ತೆಗೆದು ಖಾಲಿ ಮನೆಗೆ ಹೋಗಿ ಮಲಗ್ಬೇಕು. ಇಲ್ಲಿ ಮಿಷಿನ್ ಸದ್ದು ಕೇಳಿಸ್ತಿರುತ್ತೆ. ಆ ಸದ್ದಿಲ್ದೆ ನನಗೆ ನಿದ್ದೇನೇ ಹತ್ತಲ್ಲ ಅತ್ತೆ."

ನಾನು ಮತ್ತೆ ಫೋನ್ ಎತ್ತಿಕೊಂಡು ಅದೇ ನಂಬರಿಗೆ ತಿರುಗಿ ಮಾಡಿದೆ. ಬಿಜಿ. ಮತ್ತೆ ಮಾಡಿದೆ. ಬಿಜಿ. "ಆ ಗುಮಾಸ್ತನ ಫೋನಿಗೆ ಬೆಂಕಿ ಹಾಕ! ಬರೆದುಕೊಂಡುಬಿಟ್ನೋ ಏನೋ!" ಎಂದು ಕೋಣೆಯ ತುಂಬ ಓಡಾಡಿದೆ. ಸೊಸೆ ಮೂಗು ಒರೆಸಿಕೊಳ್ಳುತ್ತ ನನ್ನ ಹಿಂದೆ ಹಿಂದೆಯೇ ಬರುತ್ತಿದ್ದಳು. ಕಡೆಗೂ ಅವನು ಎತ್ತಿದ.

"ಬೇಡ! ಬೇಡ, ಬೇಡ, ಬೇಡ!"

"ಯಾರಮ್ಮಾ ಮಾತಾಡ್ತಿರೋದು? ಏನು ಬೇಡ?"

"ಕ್ವಾರ್ಟರ್ಸ್ ಬೇಡ. ಅವಳ ಅತ್ತೆ ನಾನು. ಅವಳು ಈ ಮನೆ ಬಿಟ್ಟು ಹೋಗೋದು ನನಗೆ ಬೇಡ. ಅವಳಿಲ್ಲದೆ ನನ್ನ ಕೈಲಿ ಇರೋಕಾಗಲ್ಲ."

ಗುಮಾಸ್ತ ತಾಳ್ಮೆಯಿಂದಲೇ ಹೇಳಿದ: "ಅದನ್ನ ನನಗೆ ಯಾಕಮ್ಮಾ ಹೇಳ್ತೀರಿ? ಅವರಿಗೆ ಹೇಳಿ."

ಅವನು ಹೇಳಿದ್ದು ಸರಿಯೇ ಇತ್ತು. ಫೋನ್ ಕಿವಿಯಲ್ಲಿ ಹಿಡಿದುಕೊಂಡೇ ನಾನು ಸೊಸೆಯ ಕಡೆಗೆ ತಿರುಗಿದೆ.

"ಹೋಗಬೇಡ ಕಣೇ" ಎಂದೆ.