ನಿಂಬೆವ್ವ ಹೊತ್ತ ಹೆಂಟೆ

"ಹೊರೂದಾದ್ರ ಹೊರು, ಇಲ್ಲಂದ್ರ ಹೊಲಾ ಬಿಡು," ಎಂದ ದೌಲತರಾಯ ಗೌಡ. ಬನ್ನಿಮರದ ನೆರಳಲ್ಲಿ ಕುಳಿತು ಅಡಕೆ ಕತ್ತರಿಸುತ್ತಿದ್ದ ಅವನ ಕಾಲ ಬಳಿ ಎರೆಮಣ್ಣಿನ ಹೆಂಟೆಯೊಂದು ಬಿದ್ದಿತ್ತು.

ನಿಂಬೆವ್ವನಿಗೆ ಮೈಯೆಲ್ಲ ಉರಿಯಿತು. ಗಂಡ ಸತ್ತದ್ದೇ ತಡ, ಬದುವಿನ ಕಲ್ಲು ಕಿತ್ತು ಅವಳ ಹೊಲದೊಳಗೆ ನೆಟ್ಟವನು ಇವನೇ. ಪಂಚರನ್ನು ಕೂಡಿಸಿ ನ್ಯಾಯ ಕೇಳುವವನೂ ಇವನೇ! ಕಳ್ಳನ ಕೈಯಾಗ ಕೀಲಿಕೈ.

ಊರು ಕಾಯುವ ಚಾಕರಿಗೆಂದು ಅವಳ ಮನೆತನಕ್ಕೆ ಬಂದ ಹೊಲ ಅದು. ಗಡಿ ತಂಟೆ ಬಂದರೆ ಆ ಮನೆಯವರೇ ಹೆಂಟೆ ತಲೆ ಮೇಲಿಟ್ಟುಕೊಂಡು ಭೂಮಿತಾಯಿಯ ಆಣೆ ಮಾಡಿ ನಡೆಯಬೇಕು. ಅವರು ನಡೆದದ್ದೇ ಗಡಿ. ಸುಳ್ಳು ನಡೆದರೆ ವಂಶ ಉಳಿಯುವುದಿಲ್ಲ. ಆದರೆ ಅವಳ ಕೇರಿಯೀಗ ಕ್ರಿಸ್ತನ ಪಾಲಾಗಿತ್ತು. ಈ ಆಣೆಗೆ ಪಾದ್ರಿ ಒಪ್ಪುವುದಿಲ್ಲವೆಂದು ಗೌಡನಿಗೆ ಚೆನ್ನಾಗಿ ಗೊತ್ತಿತ್ತು.

ಆಳಂದದಿಂದ ಬಂದಿದ್ದ ಪಾದ್ರಿ ದೇವಪ್ರಿಯ ಅಡ್ಡ ನಿಂತ. "ಬ್ಯಾಡ ನಿಂಬೆವ್ವ. ಮಣ್ಣಿನ ಆಣಿ ಮಾಡಿದ್ರ ಭಾನುವಾರ ಗುಡ್ಯಾಗ ಹಂಚೋ ಪ್ರಭುವಿನ ರೊಟ್ಟಿ ನಿನಗಿಲ್ಲ. ನಮ್ಮ ಪಾಲು ಪರಲೋಕದಾಗ ಅದ."

"ಹೋದ ವಾರ ನೀವೇ ಬೈಬಲ್ ಓದಿ ಹೇಳಿದ್ರಿ, ದೇವ್ರು ಗಂಡ ಸತ್ತಾಕಿ ಹೊಲಾ ಬಿಡಿಸಿಕೊಟ್ಟಾ ಅಂತ. ನನಗ ಬರೇ ಆತ್ಮ ಬಿಡಿಸ್ತಾನೇನ್ರಿ?" ನಿಂಬೆವ್ವ ಹೆಂಟೆಯತ್ತ ಕೈ ತೋರಿಸಿದಳು. "ಯೇಸುಸ್ವಾಮಿ ಶಿಲುಬಿ ಹೊತ್ತ. ನಾ ನನ್ನ ಹೊಲದ ಹೆಂಟಿ ಹೊತ್ರ ತಪ್ಪೇನ್ರಿ?"

ಪಾದ್ರಿ ಮುಖ ತಿರುಗಿಸಿದ. ನಿಂಬೆವ್ವ ಬಾಗಿ ಹೆಂಟೆ ಎತ್ತಿ, ಭೂಮಿತಾಯಿಯ ಆಣೆ ಮಾಡಿ ತಲೆ ಮೇಲಿಟ್ಟುಕೊಂಡಳು. ಗೌಡನ ಅಡಕೊತ್ತು ನಿಂತಿತು.

ಬಿಸಿಲಿಗೆ ಬೆವರು ಇಳಿದು ಹೆಂಟೆ ಕರಗಿ ಕಣ್ಣೊಳಗೆ ಮಣ್ಣು ಬಿತ್ತು. ಅವಳು ಒರೆಸಿಕೊಳ್ಳಲಿಲ್ಲ. ಗೌಡನ ಆಳುಗಳೇ ಹೆದರಿ ದಾರಿ ಬಿಟ್ಟರು. ನೆಟ್ಟ ಕಲ್ಲು ದಾಟಿ, ತೊಗರಿ ಸಾಲು ಸೀಳಿಕೊಂಡು ಹೋಗಿ, ಕಲ್ಲು ಮೊದಲಿದ್ದ ಕುಣಿಯಲ್ಲಿ ಹೆಂಟೆ ಇಳಿಸಿದಳು.

"ಇದೇ ಗಡಿ," ಎಂದ ಹಿರಿಯ ಪಂಚ ಜಗದೇವಪ್ಪ.

ಗೌಡ ಎದ್ದು ಧೋತರ ಕೊಡವಿದ. "ಹೊಲಾ ಸಿಕ್ತು ಬಿಡಬೇ. ನಿನ್ನ ದೇವ್ರು?"

ಭಾನುವಾರ ಅವಳು ಮಣ್ಣು ಮೆತ್ತಿದ ತಲೆ ತೊಳೆಯದೆಯೇ ಯೇಸುವಿನ ಗುಡಿಗೆ ಬಂದು ಮುಂದಿನ ಸಾಲಿನಲ್ಲಿ ಕುಳಿತಳು. ರೊಟ್ಟಿಯ ತಟ್ಟೆ ಹಿಡಿದ ಪಾದ್ರಿ ಅವಳನ್ನು ದಾಟಿ ಪಕ್ಕದಲ್ಲಿ ಕುಳಿತಿದ್ದ ಅವಳ ನೆಗೆಣ್ಣಿ, ಮೈದುನನ ಹೆಂಡತಿಯತ್ತ ಹೋದ. ನಿಂಬೆವ್ವ ತಟ್ಟೆಯ ಅಂಚು ಹಿಡಿದಳು. ಪಾದ್ರಿ ಜಗ್ಗಿದ. ಅವಳು ಬಿಡಲಿಲ್ಲ. ತಾನೇ ಒಂದು ಚೂರು ತೆಗೆದುಕೊಂಡಳು. ಪಕ್ಕದ ಚೂರಿಗೆ ಅವಳ ಬೆರಳಿನ ಕರಿಮಣ್ಣು ಹತ್ತಿತು.

ನೆಗೆಣ್ಣಿ ಪಾದ್ರಿಯ ಮುಖ ನೋಡಿದಳು. ಆಮೇಲೆ ಸೆರಗು ಸರಿಮಾಡಿಕೊಂಡು, ಮಣ್ಣು ಹತ್ತಿದ ಆ ಚೂರನ್ನೇ ಆರಿಸಿ ಬಾಯಿಗಿಟ್ಟುಕೊಂಡಳು.