ಬೆನ್ನು ಚಲೋ ಐತಿ

ಗುರುಸಂಗಪ್ಪ ನನ್ನನ್ನು ಮೊದಲು ನೋಡಿದ್ದು ಯಾವಗಲ್ಲಿನ ಕುಸ್ತಿ ಕಣದಲ್ಲಿ. ಊರೂರು ತಿರುಗಿ ಪೈಲ್ವಾನರನ್ನು ಆರಿಸಿ ದೊಡ್ಡವರ ಗರಡಿಗೆ ಒದಗಿಸುವುದು ಅವನ ಕಸುಬು. ಆ ದಿನ ನಾನು ಮೂವರನ್ನು ಚಿತ್ ಮಾಡಿದ್ದೆ. ನಾಲ್ಕನೆಯವನು ನನ್ನನ್ನು ಎತ್ತಿ ಒಗೆದ. ಗುರುಸಂಗಪ್ಪ ಹತ್ತಿರ ಬಂದು, ಎತ್ತು ಕೊಳ್ಳುವವನ ಹಾಗೆ ನನ್ನ ಬೆನ್ನು ತಟ್ಟಿ ನೋಡಿದ.

"ಬೆನ್ನು ಚಲೋ ಐತಿ ತಮ್ಮಾ. ಗಜೇಂದ್ರಗಡಕ್ಕ ನಡಿ."

ಆ ಒಂದು ಮಾತಿಗೆ ಉಬ್ಬಿಹೋದೆ. ನನಗೆ ಬೇಕಿದ್ದದ್ದು ನರಗುಂದದ ಕೋಟೆಯ ಗರಡಿ. ಅಲ್ಲಿ ಸೇರಿದವನ ಹೆಸರು ಸುತ್ತ ಹತ್ತೂರಿಗೆ ಗೊತ್ತಾಗುತ್ತಿತ್ತು. ಗಜೇಂದ್ರಗಡ ಅದಕ್ಕೆ ಮೆಟ್ಟಿಲು ಎಂದುಕೊಂಡು ಹೆಂಡತಿ ರೇಣವ್ವನನ್ನು ಕರೆದುಕೊಂಡು ಹೊರಟೇಬಿಟ್ಟೆ.

ಅಲ್ಲಿಯ ಇನಾಮದಾರರೊಬ್ಬರು ಹಾಲು, ತುಪ್ಪ, ಬಾದಾಮಿಯ ಖುರಾಕು ಕೊಟ್ಟು ಇಟ್ಟುಕೊಂಡರು. ಅವರ ಮಗ ಪ್ರಭುಲಿಂಗಪ್ಪನ ಜೊತೆ ದಿನವೂ ಕುಸ್ತಿ ಹಿಡಿಯುವುದು ನನ್ನ ಕೆಲಸ. ಮೊದಲ ದಿನವೇ ಅವನನ್ನು ಕಣ್ಣು ಮಿಟುಕಿಸುವುದರೊಳಗೆ ಕೆಡವಿದೆ. ಇನಾಮದಾರರು ಕೆಮ್ಮಿದರು. ಗುರುಸಂಗಪ್ಪ ನನ್ನನ್ನು ಪಕ್ಕಕ್ಕೆ ಎಳೆದ.

"ಹುಚ್ಚಪ್ಯಾಲಿ, ನಿನ್ನ ತಂದಿದ್ದು ಕೆಡವಾಕಲ್ಲ, ಬೀಳಾಕ. ಯಾವಗಲ್ಲಿನಾಗ ಎಷ್ಟ್ ಚಂದ ಬಿದ್ದಿ! ಬೆನ್ನು ಪೂರಾ ಒಮ್ಮೆಲೇ ನೆಲಕ್ಕ ಹತ್ತಿತು. ಅದನ್ನ ನೋಡೇ ಆರಿಸೇನಿ. ಸಣ್ಣ ಧಣೇರು ಎಡಭುಜ ಒತ್ತಿದ ಕೂಡಲೇ ಬೀಳು, ತಿಳೀತಿಲ್ಲೊ?"

ಬಿಟ್ಟು ಹೋಗಬಹುದಿತ್ತಲ್ಲ ಅನ್ನುತ್ತೀರಿ. ಒಬ್ಬರ ಖುರಾಕು ತಿಂದವನು ಅವರ ಅಪ್ಪಣೆಯಿಲ್ಲದೆ ಬೇರೆ ಕಣದ ಮಣ್ಣು ಮುಟ್ಟಿದರೆ ಸುತ್ತಲಿನ ಯಾವ ಗರಡಿಯೂ ಅವನಿಗೆ ಬಾಗಿಲು ತೆರೆಯುತ್ತಿರಲಿಲ್ಲ. ನರಗುಂದಕ್ಕೆ ಹೋಗಲು ಎರಡು ಸಲ ಅಪ್ಪಣೆ ಕೇಳಿದೆ. ಎರಡು ಸಲವೂ ಇನಾಮದಾರರು "ಇನ್ನಷ್ಟು ತುಪ್ಪ ಹಾಕಸ್ಲೇನು?" ಅಂದರು. ಸಿಟ್ಟನ್ನು ಹಾಲಿನ ಜೊತೆಗೇ ನುಂಗಿದೆ.

ರೇಣವ್ವನಿಗೆ ನಾನೇನೂ ಹೇಳಿರಲಿಲ್ಲ. ಒಂದು ಸಂಜೆ ಮೈಗೆ ನೀರು ಹಾಕುತ್ತ ಅವಳೇ ಕೇಳಿದಳು.

"ಮಣ್ಣು ದಿನಾ ಬೆನ್ನಿಗೇ ಯಾಕ ಹತ್ತತೈತ್ರಿ?"

"ಲಗೂ ನೀರು ಹಾಕು," ಎಂದೆ. ನಾಚಿಕೆಯಿಂದ ಸತ್ತೇಹೋದೆ.

ಮೂರನೆಯ ವರ್ಷ, ಅಂದರೆ ಕಂಪನಿಯವರು ಮನೆಮನೆಯ ಕತ್ತಿ ಬಂದೂಕು ಕಸಿದುಕೊಳ್ಳುವುದಕ್ಕೆ ಹಿಂದಿನ ವರ್ಷ, ಪ್ರಭುಲಿಂಗಪ್ಪ ನರಗುಂದದ ಕುಸ್ತಿಗೆ ಹೆಸರು ಕೊಟ್ಟ. ನನ್ನನ್ನು ಕೆಡವಿ ಕೆಡವಿ ತಾನು ಭಾರೀ ಪೈಲ್ವಾನ ಎಂದು ನಿಜವಾಗಿಯೂ ನಂಬಿದ್ದ, ಪಾಪ. ಹೊರಡುವ ಮುನ್ನಾದಿನ ಅವನ ಕಾಲು ಉಳುಕಿತು. ಹಲಗೆ ಬಾರಿಸಿ ಮನೆತನದ ಹೆಸರು ಸಾರಿಯಾಗಿತ್ತು. ಇನಾಮದಾರರು ನನ್ನನ್ನು ಕರೆಸಿದರು.

"ಕನಕಪ್ಪಾ, ನೀ ಹೋಗು. ಗೆದ್ದರ ಕೋಟಿಯವರು ನಿನ್ನ ಇಟ್ಕೊಳ್ಳಲಿ, ನಾ ಬ್ಯಾಡ ಅನ್ನಂಗಿಲ್ಲ."

ನರಗುಂದದ ಗುಡ್ಡದ ಕೆಳಗಿನ ಕಣದಲ್ಲಿ ನನಗೆ ಎದುರಾದವನು ಲಕ್ಕಲಕಟ್ಟಿಯ ದ್ಯಾಮಪ್ಪ. ನನಗಿಂತ ಎತ್ತರ, ಆದರೆ ಬೇಗ ದಣಿಯುವ ಆಸಾಮಿ. ಸುತ್ತಾಡಿಸಿ ಸುತ್ತಾಡಿಸಿ ಅವನನ್ನು ಸುಸ್ತು ಮಾಡಿದೆ. ಕಡೆಗೆ ಅವನ ಸೊಂಟ ನನ್ನ ಕೈಗೆ ಸಿಕ್ಕಿತು. ಎತ್ತಿ ಒಗೆದರೆ ಮುಗಿಯಿತು. ಕೋಟೆಯವರು ಆಗಲೇ ಎದ್ದು ನಿಂತಿದ್ದರು. ದ್ಯಾಮಪ್ಪ ಬೇರೆ ದಾರಿ ಕಾಣದೆ ಆಸರೆಗೆಂದು ನನ್ನ ಎಡಭುಜದ ಮೇಲೆ ಕೈಯಿಟ್ಟು ಒತ್ತಿದ.

ನಾನು ಯೋಚಿಸುವ ಮೊದಲೇ ಕೈ ಸಡಿಲವಾಯಿತು, ಮೊಣಕಾಲು ಮಡಿಚಿಕೊಂಡಿತು, ಬೆನ್ನು ಪೂರಾ ಒಮ್ಮೆಲೇ ನೆಲಕ್ಕೆ ಹತ್ತಿತು. ದ್ಯಾಮಪ್ಪನೇ ಗಾಬರಿಯಾಗಿ ನನ್ನ ಮುಖ ನೋಡಿದ.

ಹೊರಗೆ ಬಂದಾಗ ಗುರುಸಂಗಪ್ಪ ನಿಂತಿದ್ದ. ಬೈಯುತ್ತಾನೆ ಅಂದುಕೊಂಡೆ, ಬೈದಿದ್ದರೆ ಎಷ್ಟೋ ಚೆನ್ನಾಗಿರುತ್ತಿತ್ತು. ಅವನು ನನ್ನ ಬೆನ್ನು ತಟ್ಟಿದ.

"ಬಂಡಿ ಕಟ್ಟೈತಿ, ಹತ್ತು. ಸಣ್ಣ ಧಣೇರ ಕಾಲು ಎರಡ ದಿನದಾಗ ವಾಸಿ ಆಗತೈತಂತ."

ದಾರಿಯಲ್ಲಿ ಎಲ್ಲಿಯೂ ಮೈ ತೊಳೆಯಲಿಲ್ಲ, ಮನಸ್ಸಾಗಲಿಲ್ಲ. ಮನೆಯಲ್ಲಿ ರೇಣವ್ವ ನೀರು ಕಾಯಿಸಿ ಇಟ್ಟಿದ್ದಳು. ಮಣ್ಣು ಹತ್ತದ ನನ್ನ ಎದೆಯ ಕಡೆ ಒಮ್ಮೆ ನೋಡಿ ತಂಬಿಗೆ ಎತ್ತಿಕೊಂಡಳು.

"ತಿರಗ್ರಿ," ಅಂದಳು.