ತಲೆಬರಹವಿಲ್ಲದ ಸಾಲುಗಳು

೧೫೬೧ನೆಯ ಇಸವಿ, ನವೆಂಬರ್ ಒಂಬತ್ತರ ಮಧ್ಯಾಹ್ನ ಎರ್ಕೊಲೆಯ ಪುಸ್ತಕದಲ್ಲಿ ನೂರಾ ಹನ್ನೆರಡು ತಲೆಬರಹಗಳಿದ್ದವು. ಸ್ನೇಹ, ಸಮುದ್ರ, ಸಾವು, ಕೃತಘ್ನತೆ. ಒಂದೊಂದಕ್ಕೆ ಒಂದೊಂದು ಪುಟ. ಓದಿದ್ದರಲ್ಲಿ ಸೊಗಸಾದ ಲ್ಯಾಟಿನ್ ವಾಕ್ಯ ಸಿಕ್ಕರೆ ತಕ್ಕ ತಲೆಬರಹದಡಿ ಬರೆದಿಡುವುದು ಇಟಲಿಯ ಪಾದುವಾದ ವಿದ್ಯಾರ್ಥಿಗಳ ರೂಢಿ. ಬರೆಯಲು ಬೇಸರಪಟ್ಟವರು ಕತ್ತರಿಸಿ ಅಂಟಿಸುತ್ತಿದ್ದರು. ಎರ್ಕೊಲೆಯ ಬೆರಳಿನ ಅಂಟು ಇನ್ನೂ ಆರಿರಲಿಲ್ಲ.

ಬಾಗಿಲಲ್ಲಿ ಗುರು ಬೊನಿಫಾಚೊ ನಿಂತಿದ್ದರು. ಹಿಂದೆ ಅವರ ಹೆಂಡತಿ ಓರ್ಸೊಲಾ.

"ಮಗನ ಕಾಗದ ಕೊಡೋ ಮಾರಾಯ. ಇವಳು ನನ್ನ ಪ್ರಾಣ ತಿಂತಿದಾಳೆ."

ಓದಲೆಂದು ಗುರುಗಳು ಕೊಟ್ಟಿದ್ದ, ಅವರ ಒಬ್ಬನೇ ಮಗ ಮಾರ್ಸಿಲಿಯೊ ಕಡಲಾಚೆಯ ಅಲೆಪ್ಪೊದಿಂದ ಬರೆದ ಕಾಗದಗಳವು. ಆ ಬೇಸಿಗೆಯಲ್ಲಿ ಅವನು ಅಲ್ಲಿಯೇ ಜ್ವರದಿಂದ ತೀರಿಕೊಂಡಿದ್ದ.

"ಇಲ್ಲೇ ಇವೆ ಗುರುಗಳೇ!" ಎರ್ಕೊಲೆ ಹೆಮ್ಮೆಯಿಂದ ಪುಸ್ತಕ ತೆರೆದ. 'ಸಮುದ್ರ' ಎಂಬ ತಲೆಬರಹದಡಿ ಮಾರ್ಸಿಲಿಯೊನ ಕೈಬರಹದ ಒಂದು ಕಾಗದದ ಪಟ್ಟಿ ಅಂಟಿತ್ತು. 'ಸ್ನೇಹ'ದಡಿ ಎರಡು.

ಗುರುಗಳು ಒಂದು ಪುಟ ತಿರುವಿದರು, ಇನ್ನೊಂದು ತಿರುವಿದರು.

"ಕತ್ತರಿಸಿಬಿಟ್ಯಾ?"

"ಶೈಲಿ ಚೆನ್ನಾಗಿದೆ, ಉಪಯೋಗಿಸ್ಕೋ ಅಂದ್ರಿ..."

"ಬರ್ಕೋ ಅಂದೆ ಕಣೋ, ಕಟುಕ!"

ಓರ್ಸೊಲಾ ಓದು ಬಲ್ಲವಳಲ್ಲ. ಗಂಡ ಕೂಗಿದ್ದೇಕೆಂದು ತಿಳಿಯದೆ ಪುಸ್ತಕದ ಮೇಲೆ ಬಾಗಿದಳು. "ನಂದು ಯಾವುದಪ್ಪಾ ಇದ್ರಲ್ಲಿ? ಕೊನೇಲಿ ನನಗೇಂತ ನಾಲ್ಕು ಸಾಲು ಮನೆಮಾತಲ್ಲಿ ಬರೀತಿದ್ದ. ಮಂಡಿನೋವು, ಕೋಳಿ, ಎಲ್ಲಾ ಕೇಳ್ತಿದ್ದ. ನಿಮ್ಮ ಗುರುಗಳಿಗೆ ಲ್ಯಾಟಿನ್ ಓದೋಕಾದ್ರೆ ಗಂಟಲು ಬಿಚ್ಚುತ್ತೆ. ನನ್ನ ಸಾಲು ಬಂದ್ರೆ ಅರ್ಧ ನುಂಗ್ತಾರೆ. ಇವತ್ತು ನೀನು ಪೂರ್ತಿ ಓದು."

ಎರ್ಕೊಲೆ ಪುಸ್ತಕ ಮುಚ್ಚಿದ.

"ಯಾಕೋ?"

"ಅವಕ್ಕೆ... ತಲೆಬರಹ ಇರಲಿಲ್ಲಮ್ಮ."

ಅವನ ದೃಷ್ಟಿ ಅಗ್ಗಿಷ್ಟಿಕೆಯತ್ತ ಹೋಯಿತು. ಅವಳದೂ ಹಿಂಬಾಲಿಸಿತು. ಬೆಳಿಗ್ಗೆ ಕತ್ತರಿಸಿ ಉಳಿದ ಚೂರುಗಳಿಂದಲೇ ಅವನು ಬೆಂಕಿ ಹಚ್ಚಿದ್ದ. ಅವಳ ಕೈ ಬಾಯಿಗೆ ಹೋಯಿತು, ಅಲ್ಲಿಯೇ ನಿಂತಿತು.

ಅವಳು ಕೇಳಿದಳು: "ಸುಡೋ ಮುಂಚೆ ಓದಿದ್ಯಾ?"

"ಓದಿದ್ದೆ."

"ಹಾಗಾದ್ರೆ ಹೇಳು."

ಸಮುದ್ರದ ವಾಕ್ಯ ಅವನ ನಾಲಿಗೆಗೆ ಇಡಿಯಾಗಿ ಬಂತು. ಸ್ನೇಹದ್ದೂ ಬಂತು. ಅವಳದರಲ್ಲಿ ಒಂದು ಪದವೂ ಬರಲಿಲ್ಲ.

"ನಡಿ, ಮನೆಗೆ ಹೋಗೋಣ," ಎಂದರು ಗುರುಗಳು.

"ನೀವು ಹೋಗಿ. ಇವನು ನನಗೆ ನಾಲ್ಕು ಸಾಲು ಕೊಡೋದಿದೆ."

ಅವಳು ಬೆಂಚನ್ನು ಎಳೆದುಕೊಂಡು ಅವನೆದುರು ಕುಳಿತಳು. ಕೈಗಳನ್ನು ಮಡಿಲಲ್ಲಿಟ್ಟುಕೊಂಡು, ಅವನ ತುಟಿಗಳನ್ನೇ ನೋಡತೊಡಗಿದಳು.